ನಲವತ್ತರ ನಂತರ ಪೋಷಕ ನಟನಾಗಿ ನೆಲೆ ನಿಲ್ಲಲು ಸಾಧ್ಯವೇ?

ಪ್ರಶ್ನೆ
ಬರೆದವರು: ಹವ್ಯಾಸಿ ನಟ, ಹನುಮಂತನಗರ

ಎಲ್ಲರಿಗೂ ನಮಸ್ಕಾರ.

ನಾನು ನಗರದ ಒಂದು ಸಹಕಾರಿ ಬ್ಯಾಂಕಿನ ನೌಕರ. ವಯಸ್ಸು ನಲವತ್ತು ದಾಟಿದೆ. ಕಾಲೇಜಿನಲ್ಲಿದ್ದಾಗ ಅಂಟಿಕೊಂಡ ನಾಟಕದ ನಂಟು ಇನ್ನೂ ಬಿಟ್ಟಿಲ್ಲ. ಕಚೇರಿ ಮುಗಿಸಿಕೊಂಡು ಸಂಜೆ ತಾಲೀಮಿಗೆ ಹೋಗುತ್ತೇನೆ, ಕೆ. ಎಚ್. ಕಲಾಸೌಧದಲ್ಲಿಯೂ ರವೀಂದ್ರ ಕಲಾಕ್ಷೇತ್ರದಲ್ಲಿಯೂ ನಮ್ಮ ತಂಡದ ಪ್ರದರ್ಶನಗಳು ಆಗಾಗ ನಡೆಯುತ್ತಿರುತ್ತವೆ. ನಾಯಕನ ಪಾತ್ರ ನನಗೆ ಎಂದೂ ಬಂದಿಲ್ಲ, ಅದರ ಬಗ್ಗೆ ಕೊರಗೂ ಇಲ್ಲ. ಮಂತ್ರಿ, ಗುಮಾಸ್ತ, ಊರಿನ ಶಾನುಭೋಗ, ಹೆಣ್ಣು ಹೆತ್ತ ತಂದೆ, ಇಂಥವರ ನಡಿಗೆಯನ್ನೂ ಮಾತಿನ ಧಾಟಿಯನ್ನೂ ಹುಡುಕಿ ಕಂಡುಕೊಳ್ಳುವುದರಲ್ಲಿ ನನಗೆ ಸಿಗುವ ಸಂತೋಷ ಬೇರೆ ಯಾವುದರಲ್ಲಿಯೂ ಸಿಕ್ಕಿಲ್ಲ.

ಇತ್ತೀಚೆಗೆ ನಮ್ಮ ನಾಟಕ ನೋಡಲು ಬಂದಿದ್ದ ಸಂಚಿಕೆ ನಿರ್ದೇಶಕರೊಬ್ಬರು, ಹೊಸದಾಗಿ ಆರಂಭವಾಗಲಿರುವ ಧಾರಾವಾಹಿಯೊಂದರಲ್ಲಿ ನಾಯಕಿಯ ತಂದೆಯ ಪಾತ್ರಕ್ಕೆ ನನ್ನನ್ನು ಕೇಳಿದ್ದಾರೆ. ತಿಂಗಳಿಗೆ ಹತ್ತು ಹನ್ನೆರಡು ದಿನಗಳ ಚಿತ್ರೀಕರಣ ಇರಬಹುದೆಂದೂ ದಿನದ ಲೆಕ್ಕದಲ್ಲಿ ಸಂಭಾವನೆ ಕೊಡುವುದಾಗಿಯೂ ಹೇಳಿದರು. ಒಪ್ಪಿಕೊಂಡರೆ ಈಗಿನ ನೌಕರಿಯನ್ನು ಉಳಿಸಿಕೊಳ್ಳುವುದು ಕಷ್ಟವೆಂದು ಮನೆಯಲ್ಲಿ ಆತಂಕವಿದೆ. ಮಗಳು ಹತ್ತನೆಯ ತರಗತಿಯಲ್ಲಿದ್ದಾಳೆ.

ನನ್ನ ಪ್ರಶ್ನೆ ಹಣದ ಬಗ್ಗೆ ಮಾತ್ರ ಅಲ್ಲ. ಧಾರಾವಾಹಿಯ ತಂದೆಯಾಗಿ ಒಮ್ಮೆ ಜನರ ಕಣ್ಣಿಗೆ ಬಿದ್ದರೆ ಮುಂದೆ ಬರುವುದೆಲ್ಲ ತಂದೆಯ ಪಾತ್ರಗಳೇ ಆಗಿಬಿಡುತ್ತವೆಯೇ? ಸಿನಿಮಾದಲ್ಲಿ ಸಣ್ಣದಾದರೂ ಗಟ್ಟಿಯಾದ ಪಾತ್ರಗಳನ್ನು ಮಾಡಿ ಹೆಸರಾದವರು ಈ ಹಾದಿಯನ್ನು ಹೇಗೆ ನಡೆದರು? ತಡವಾಗಿ ಬಂದವರಿಗೆ ಇಲ್ಲಿ ಜಾಗವಿದೆಯೇ? ಈ ಕ್ಷೇತ್ರವನ್ನು ಒಳಗಿನಿಂದ ಬಲ್ಲವರೂ, ನಮ್ಮ ಕಲಾವಿದರನ್ನು ಬಹಳ ಕಾಲದಿಂದ ನೋಡುತ್ತ ಬಂದವರೂ ದಯವಿಟ್ಟು ತಿಳಿಸಬೇಕೆಂದು ಕೋರುತ್ತೇನೆ.


ಉತ್ತರ
ಬರೆದವರು: ಧಾರಾವಾಹಿ ಸಹ ನಿರ್ದೇಶಕ, ನಾಗರಬಾವಿ

ನಮಸ್ಕಾರ ಸರ್. ಧಾರಾವಾಹಿಗಳ ನಿರ್ದೇಶನ ವಿಭಾಗದಲ್ಲಿ ಬಹಳ ವರ್ಷಗಳಿಂದ ಇರುವುದರಿಂದ ಮೊದಲು ವ್ಯವಹಾರದ ಮಾತನ್ನು ಹೇಳಿಬಿಡುತ್ತೇನೆ, ಏಕೆಂದರೆ ರಂಗಭೂಮಿಯಿಂದ ಬರುವವರು ಇದನ್ನು ಕೇಳಲು ಸಂಕೋಚಪಡುತ್ತಾರೆ.

ಹತ್ತು ಹನ್ನೆರಡು ದಿನ ಎನ್ನುವುದು ಭರವಸೆಯಲ್ಲ, ಅಂದಾಜು. ನಾಯಕಿಯ ತವರುಮನೆಯ ಟ್ರ್ಯಾಕ್ ಕಥೆಯಲ್ಲಿ ಮುಂದಿರುವಷ್ಟು ಕಾಲ ಆ ದಿನಗಳು ಸಿಗುತ್ತವೆ. ಮದುವೆಯಾಗಿ ಕಥೆ ಗಂಡನ ಮನೆಗೆ ಹೋದ ಮೇಲೆ ತಂದೆ ತಿಂಗಳಿಗೆ ಎರಡು ಮೂರು ದಿನಕ್ಕೆ ಇಳಿಯುವುದನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಟಿಆರ್‌ಪಿ ಬಾರದಿದ್ದರೆ ಧಾರಾವಾಹಿಯೇ ಕೆಲವು ತಿಂಗಳಲ್ಲಿ ಮುಗಿಯಬಹುದು. ಆದ್ದರಿಂದ ತಿಂಗಳಿಗೆ ಕನಿಷ್ಠ ಎಷ್ಟು ದಿನಗಳ ಸಂಭಾವನೆ ಖಚಿತ ಎಂಬುದನ್ನು ಬರವಣಿಗೆಯಲ್ಲಿ ಕೇಳಿ. ದಿನವೊಂದಕ್ಕೆ ಎಷ್ಟು ಎಂಬುದಕ್ಕಿಂತ ಇದು ಮುಖ್ಯ. ಹಣ ಕೆಲಸ ಮಾಡಿದ ತಿಂಗಳಲ್ಲಿಯೇ ಕೈಗೆ ಬರುವುದಿಲ್ಲ, ಮೂಲದಲ್ಲಿಯೇ ಮುರಿದುಕೊಳ್ಳುವ ಶೇ. 10ರಷ್ಟು ತೆರಿಗೆ (ಟಿಡಿಎಸ್) ಕಳೆದು ತಡವಾಗಿ ಬರುತ್ತದೆ. ಮನೆಯ ಕಂತುಗಳನ್ನು ಆ ಹಣದ ಮೇಲೆ ನಿಲ್ಲಿಸಬೇಡಿ. ಕಾಲ್‌ಶೀಟ್ ಬೆಳಿಗ್ಗೆ ಒಂಬತ್ತಕ್ಕೆ ಎಂದರೆ ರಾತ್ರಿ ಒಂಬತ್ತರವರೆಗೆ ಎಂದು ತಿಳಿಯಿರಿ. ಶೂಟಿಂಗ್ ಮನೆಗಳು ಹೆಚ್ಚಾಗಿ ಕೆಂಗೇರಿ, ಉತ್ತರಹಳ್ಳಿ, ರಾಜರಾಜೇಶ್ವರಿ ನಗರದ ಕಡೆ ಇರುವುದರಿಂದ ಹನುಮಂತನಗರದವರಾದ ನಿಮಗೆ ಓಡಾಟ ಅಷ್ಟು ಕಷ್ಟವಾಗಲಾರದು.

ನೌಕರಿ ಬಿಡುವ ಮಾತನ್ನು ಈಗಲೇ ಆಡಬೇಡಿ. ಬ್ಯಾಂಕಿನ ಆಡಳಿತ ಮಂಡಳಿಯಿಂದ ಹೊರಗಿನ ಕೆಲಸಕ್ಕೆ ಲಿಖಿತ ಅನುಮತಿ ಕೇಳಿ. ನಿರ್ಮಾಣ ಸಂಸ್ಥೆಯ ಮ್ಯಾನೇಜರ್ ಬಳಿ, ಎರಡನೆಯ ಮತ್ತು ನಾಲ್ಕನೆಯ ಶನಿವಾರ, ಭಾನುವಾರಗಳ ಜೊತೆಗೆ ರಜೆ ಹಾಕಿ ಬರಬಹುದಾದ ದಿನಗಳನ್ನು ಮೊದಲೇ ಬರೆದುಕೊಡಿ. ತಂದೆ ತಾಯಿ ಪಾತ್ರದವರ ದೃಶ್ಯಗಳನ್ನು ಒಟ್ಟುಗೂಡಿಸಿ ತೆಗೆಯುವುದು ನಮಗೆ ಕಷ್ಟವಲ್ಲ. ಆದರೆ ಕೊಟ್ಟ ದಿನವನ್ನು ಯಾವ ಕಾರಣಕ್ಕೂ ತಪ್ಪಿಸಬೇಡಿ. ಮೊದಲೇ ತೆಗೆದಿಟ್ಟ ಸಂಚಿಕೆಗಳು ಎರಡೇ ದಿನಕ್ಕೆ ಸಾಲುವಷ್ಟು ಇರುವಾಗ ಒಬ್ಬ ಕಲಾವಿದರು ಬಾರದೆ ಹೋದರೆ, ಅಂದು ರಾತ್ರಿಯೇ ಬರಹಗಾರರು ಆ ಪಾತ್ರವನ್ನು ಊರಿಗೆ ಕಳುಹಿಸಿಬಿಡುತ್ತಾರೆ. ನಮ್ಮಲ್ಲಿ ಬಹುಕಾಲ ಉಳಿದ ಪೋಷಕ ಕಲಾವಿದರೆಲ್ಲ ಸಮಯಕ್ಕೆ ಬರುವವರು, ಸೀನ್ ಪೇಪರ್ (ದೃಶ್ಯದ ಸಂಭಾಷಣೆಯ ಹಾಳೆ) ಓದಿಕೊಂಡು ಬರುವವರು. ಪ್ರತಿಭೆ ಅದರ ನಂತರದ ಮಾತು ಎಂದು ನಾನು ದೃಢವಾಗಿ ನಂಬಿದ್ದೇನೆ.


ಉತ್ತರ
ಬರೆದವರು: ಹಳೆಯ ಪ್ರೇಕ್ಷಕ, ಬಸವನಗುಡಿ

ಮಿತ್ರರೇ, ತಡವಾಗಿ ಬಂದವರಿಗೆ ಜಾಗವಿದೆಯೇ ಎಂದು ಕೇಳಿದ್ದೀರಿ. ನಮ್ಮ ನಡುವೆಯೇ ಇರುವ ದತ್ತಣ್ಣನವರನ್ನು ನೋಡಿ. ಚಿತ್ರದುರ್ಗದಲ್ಲಿ 1942ರಲ್ಲಿ ಹುಟ್ಟಿದ ಎಚ್. ಜಿ. ದತ್ತಾತ್ರೇಯ ಅವರು ವಾಯುಪಡೆಯಲ್ಲಿ ವಿಂಗ್ ಕಮಾಂಡರ್ ಆಗಿದ್ದವರು, ಆಮೇಲೆ ಎಚ್‌ಎಎಲ್‌ನಲ್ಲಿ ದುಡಿದವರು. ಕ್ಯಾಮೆರಾ ಮುಂದೆ ನಿಂತಾಗ ಅವರಿಗೆ ನಲವತ್ತು ದಾಟಿತ್ತು. ಅದಕ್ಕೂ ಮೊದಲೇ ನಾಟಕ ಅವರ ಜೊತೆಗಿತ್ತು ಎಂಬುದನ್ನು ಮಾತ್ರ ಮರೆಯಬಾರದು. ‘ಮುನ್ನುಡಿ’ ಚಿತ್ರಕ್ಕಾಗಿ 2000ನೇ ಸಾಲಿನ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ಅವರಿಗೆ ಬಂತು. 2012ರ ‘ಭಾರತ್ ಸ್ಟೋರ್ಸ್’ನಲ್ಲಿ ದಿನಸಿ ಅಂಗಡಿಯ ಯಜಮಾನನಾಗಿ ಇಡೀ ಚಿತ್ರವನ್ನು ಹೊತ್ತರು. ಟಿ. ಎನ್. ಸೀತಾರಾಮ್ ಮತ್ತು ಗೆಳೆಯರು ದೂರದರ್ಶನಕ್ಕೆ ಮಾಡಿದ ‘ಮಾಯಾಮೃಗ’ ಮನೆಮನೆಗೆ ತಲುಪಿದ ಕಾಲದಲ್ಲಿ ಕಿರುತೆರೆಯ ಪ್ರೇಕ್ಷಕರಿಗೂ ಅವರು ಹತ್ತಿರದವರಾದರು. ವಾಯುಪಡೆಯ ಶಿಸ್ತು, ಲೋಕಾನುಭವ, ನಲವತ್ತು ವರ್ಷ ಮಾಗಿದ ಮುಖ, ಇವೆಲ್ಲ ಇಪ್ಪತ್ತೈದರ ಹುಡುಗನಿಗೆ ಎಲ್ಲಿಂದ ಬರಬೇಕು?

ನೌಕರಿಯಿಂದ ನಟನೆಗೆ ಬಂದವರು ಅವರೊಬ್ಬರೇ ಅಲ್ಲ. ದೊಡ್ಡಣ್ಣನವರು ಭದ್ರಾವತಿಯ ಕಬ್ಬಿಣ ಮತ್ತು ಉಕ್ಕಿನ ಕಾರ್ಖಾನೆಯಿಂದ ಬಂದರು. ಲೋಹಿತಾಶ್ವ ಅವರು ಇಂಗ್ಲಿಷ್ ಅಧ್ಯಾಪಕರಾಗಿದ್ದರು. ಈ ಪಟ್ಟಿಯನ್ನು ಇನ್ನಷ್ಟು ಉದ್ದ ಮಾಡಬಹುದು, ಅಗತ್ಯವಿಲ್ಲ.

ನನಗೆ ಹೆಚ್ಚು ಹೇಳಬೇಕೆನಿಸುವುದು ಕೆ. ಎಸ್. ಅಶ್ವಥ್ ಅವರ ಬಗ್ಗೆ. 1925ರಲ್ಲಿ ಹುಟ್ಟಿದ ಮೈಸೂರಿನ ಈ ಕಲಾವಿದರು 1955ರ ‘ಸ್ತ್ರೀರತ್ನ’ ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದರು, ಅದೂ ನಾಯಕನಾಗಿ. ನಾಯಕನ ಸ್ಥಾನ ಮುಂದುವರಿಯಲಿಲ್ಲ. ಆ ಗಳಿಗೆಯಲ್ಲಿ ಅವಮಾನವೆಂದು ಭಾವಿಸಿ ಹಿಂದೆ ಸರಿದಿದ್ದರೆ ನಮಗೆ ಚಾಮಯ್ಯ ಮೇಷ್ಟ್ರು ಸಿಗುತ್ತಿರಲಿಲ್ಲ. ಪೌರಾಣಿಕ ಚಿತ್ರಗಳಲ್ಲಿ ನಾರದರಾದರು, ಸಾಮಾಜಿಕ ಚಿತ್ರಗಳಲ್ಲಿ ಅಣ್ಣನಾದರು, ತಂದೆಯಾದರು, ಮುನ್ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ದುಡಿದು 2010ರಲ್ಲಿ ತೀರಿಕೊಂಡರು. ತಂದೆಯ ಪಾತ್ರಗಳೇ ಬರುತ್ತವೆಯೇ ಎಂಬ ನಿಮ್ಮ ಅಳುಕಿಗೆ ಅವರ ಕೆಲಸದಲ್ಲಿಯೇ ಉತ್ತರವಿದೆ: ಅವರಿಗೂ ತಂದೆಯ ಪಾತ್ರಗಳೇ ಬಂದವು, ಆದರೆ ಒಬ್ಬ ತಂದೆ ಇನ್ನೊಬ್ಬ ತಂದೆಯಂತೆ ಇರಲಿಲ್ಲ.

1972ರ ‘ನಾಗರಹಾವು’ ಚಿತ್ರವನ್ನು ಮತ್ತೊಮ್ಮೆ ನೋಡಿ, ಈ ಸಲ ರಾಮಾಚಾರಿಯನ್ನು ಬಿಟ್ಟು ಮೇಷ್ಟ್ರನ್ನೇ ಗಮನಿಸಿ. ಅಲಮೇಲುವನ್ನು ಮರೆತುಬಿಡು ಎಂದು ಶಿಷ್ಯನನ್ನು ಕೇಳಿಕೊಳ್ಳಲು ಬಂದ ಗುರು ಅವರು. ಕೇಳುವ ಹಕ್ಕು ತನಗಿದೆಯೆಂದು ಗೊತ್ತು, ಇವನು ಇಲ್ಲವೆನ್ನಲಾರ ಎಂಬುದೂ ಗೊತ್ತು, ಆ ಸಲಿಗೆಯನ್ನು ಬಳಸಿಕೊಳ್ಳುತ್ತಿದ್ದೇನೆ ಎಂಬ ಸಂಕಟವೂ ಒಳಗೆ ಇದೆ. ಈ ಮೂರನ್ನೂ ಅಶ್ವಥ್ ಅವರು ದನಿ ಎತ್ತರಿಸದೆ, ಕಣ್ಣು ಮತ್ತು ಮಾತಿನ ನಡುವಣ ಬಿಡುವಿನಲ್ಲಿ ಹಿಡಿದಿಡುತ್ತಾರೆ. ವಿಷ್ಣುವರ್ಧನ್ ಆಗ ನಾಯಕನಾಗಿ ಹೊಸಬರು. ಅವರ ಸಿಟ್ಟು ನಮಗೆ ನಿಜವೆನಿಸುವುದು, ಆ ಸಿಟ್ಟಿಗೆ ಎದುರಾಗಿ ನಿಂತಿರುವ ಮೇಷ್ಟ್ರ ಮೆತ್ತನೆಯ ಮಾತು ಅಷ್ಟು ನಿಜವಾಗಿರುವುದರಿಂದ. ಎದುರಿನ ನಟನನ್ನು ಎತ್ತಿ ಹಿಡಿಯುವ ಈ ಗುಣ ಇಲ್ಲದವರು ಪೋಷಕ ಪಾತ್ರದಲ್ಲಿ ಎಷ್ಟೇ ಚೆನ್ನಾಗಿ ಮಾತನಾಡಿದರೂ ಚಿತ್ರಕ್ಕೆ ಉಪಯೋಗವಾಗುವುದಿಲ್ಲ. ಇಂದು ರಾಜ್ಯ ಸರ್ಕಾರ ಕೊಡುವ ಅತ್ಯುತ್ತಮ ಪೋಷಕ ನಟ ಪ್ರಶಸ್ತಿಗೆ ಅಶ್ವಥ್ ಅವರ ಹೆಸರಿರುವುದು ನನಗೆ ಬಹಳ ಹೆಮ್ಮೆಯ ಸಂಗತಿ.

ಟಿ. ಎನ್. ಬಾಲಕೃಷ್ಣ ಅವರದು ಮತ್ತೊಂದು ಬಗೆ. ಕಿವಿ ಸರಿಯಾಗಿ ಕೇಳಿಸದ ಆ ಕಲಾವಿದರು ಎದುರಿನವರ ತುಟಿಯ ಚಲನೆಯನ್ನು ನೋಡಿಕೊಂಡೇ ತಮ್ಮ ಮಾತನ್ನು ಎತ್ತಿಕೊಳ್ಳುತ್ತಿದ್ದರು. ಹಾಗಿದ್ದೂ ಸಂಭಾಷಣೆಯ ಕಾಲಜ್ಞಾನದಲ್ಲಿ ಅವರನ್ನು ಮೀರಿಸಿದವರು ಕಡಿಮೆ. ‘ಬಂಗಾರದ ಮನುಷ್ಯ’ದ ರಾಚೂಟಪ್ಪ ಬಂದೊಡನೆ ಚಿತ್ರಮಂದಿರದಲ್ಲಿ ಏಳುತ್ತಿದ್ದ ಸಂಭ್ರಮವನ್ನು ನಮ್ಮ ತಲೆಮಾರಿನವರು ಬಲ್ಲರು. ಖಳನಾಗಿಯೂ ಹಾಸ್ಯನಟನಾಗಿಯೂ ಒಂದೇ ವರ್ಷದಲ್ಲಿ ಕಾಣಿಸಿಕೊಳ್ಳಬಲ್ಲವರಾಗಿದ್ದರು. ಕೆಲಸವಿಲ್ಲದೆ ಕಲಾವಿದರೆಲ್ಲ ಕಷ್ಟದಲ್ಲಿದ್ದ ಕಾಲದಲ್ಲಿ ರಾಜ್‌ಕುಮಾರ್, ಜಿ. ವಿ. ಅಯ್ಯರ್, ನರಸಿಂಹರಾಜು, ಬಾಲಕೃಷ್ಣ ಸೇರಿ ಸಂಘ ಕಟ್ಟಿಕೊಂಡು ಊರೂರು ಸುತ್ತಿ ನಾಟಕವಾಡಿದರು. 1960ರ ‘ರಣಧೀರ ಕಂಠೀರವ’ ಹುಟ್ಟಿದ್ದು ಆ ಪ್ರಯತ್ನದಿಂದ. ಬೆಂಗಳೂರಿನಲ್ಲಿಯೇ ಚಿತ್ರಗಳು ತಯಾರಾಗಬೇಕೆಂಬ ಹಂಬಲದಿಂದ ಬಾಲಕೃಷ್ಣ ಅವರು ಅಭಿಮಾನ್ ಸ್ಟುಡಿಯೋವನ್ನೂ ಕಟ್ಟಿದರು. ನಾಯಕನಲ್ಲದ ಒಬ್ಬ ಕಲಾವಿದ ಕನ್ನಡ ಚಿತ್ರರಂಗಕ್ಕಾಗಿ ಇಷ್ಟು ದೊಡ್ಡ ಸಾಹಸಕ್ಕೆ ಕೈಹಾಕಿದ್ದನ್ನು ನಾವು ಸಾಕಷ್ಟು ನೆನೆಯುತ್ತಿಲ್ಲ ಎಂಬ ನೋವು ನನಗಿದೆ.

ಈಗಿನವರಲ್ಲಿ ಅಚ್ಯುತ್ ಕುಮಾರ್ ಅವರನ್ನು ಗಮನವಿಟ್ಟು ನೋಡಲು ಹೇಳುತ್ತೇನೆ. ಹೆಗ್ಗೋಡಿನ ನೀನಾಸಂ ರಂಗಶಾಲೆಯಲ್ಲಿ ಪಳಗಿದ ಅವರನ್ನು ಮಧ್ಯಮ ವರ್ಗದ ತಂದೆಯಾಗಿ ಎಷ್ಟೋ ಚಿತ್ರಗಳಲ್ಲಿ ಕಂಡವರಿಗೆ, 2022ರ ‘ಕಾಂತಾರ’ದಲ್ಲಿ ಜನರ ಹೆಗಲ ಮೇಲೆ ಕೈಹಾಕಿ ನಯವಾಗಿ ಮಾತನಾಡುತ್ತಲೇ ಭೂಮಿ ಕಬಳಿಸಲು ಹೊರಟ ಜಮೀನ್ದಾರ ಬೆಚ್ಚಿಬೀಳಿಸುತ್ತಾನೆ. ಆ ತಂದೆಯ ಸೌಮ್ಯ ಮುಖವನ್ನೇ ಇಟ್ಟುಕೊಂಡು ಕ್ರೌರ್ಯವನ್ನು ತೋರಿಸಿದ್ದಾರೆ. ಬಿ. ವಿ. ಕಾರಂತರು 1989ರಲ್ಲಿ ಮೈಸೂರಿನಲ್ಲಿ ಕಟ್ಟಿದ ರಂಗಾಯಣದಿಂದ ಬಂದ ರಘು ಅವರ ಹೆಸರಿಗೇ ಆ ಸಂಸ್ಥೆ ಅಂಟಿಕೊಂಡಿದೆ. ನಾನು ಮೆಚ್ಚುವ ಪೋಷಕ ನಟರಲ್ಲಿ ಹೆಚ್ಚಿನವರು ರಂಗಭೂಮಿಯಿಂದ ಬಂದವರು. ಆದ್ದರಿಂದ ಧಾರಾವಾಹಿ ಒಪ್ಪಿಕೊಳ್ಳಿ, ಆದರೆ ನಾಟಕವನ್ನು ಬಿಡಬೇಡಿ. ಕಿರುತೆರೆ ನಿಮ್ಮನ್ನು ತಂದೆಯೆಂದೇ ಗುರುತಿಸಿದರೂ ಹನುಮಂತನಗರದ ರಂಗಮಂದಿರದಲ್ಲಿ ನೀವು ಬೇರೆಯವರಾಗಿ ನಿಲ್ಲಬಹುದು, ಹೊಸ ನಿರ್ದೇಶಕರು ನಟರನ್ನು ಹುಡುಕಿಕೊಂಡು ಬರುವುದೂ ಅಲ್ಲಿಗೇ.


ಉತ್ತರ
ಬರೆದವರು: ಕಲಾವಿದೆ, ರಾಜರಾಜೇಶ್ವರಿ ನಗರ

ನಮಸ್ಕಾರ ಸರ್. ಹಿರಿಯರು ಬರೆದದ್ದನ್ನು ಓದಿ ಮನಸ್ಸು ತುಂಬಿತು. ಆದರೆ ಈ ಚರ್ಚೆಯಲ್ಲಿ ತಾಯಂದಿರ ಮಾತು ಬರಲೇ ಇಲ್ಲವಲ್ಲ ಎನಿಸಿ ಬರೆಯುತ್ತಿದ್ದೇನೆ. ನಾನು ಧಾರಾವಾಹಿಗಳಲ್ಲಿ ತಾಯಿ, ಅತ್ತೆ, ಸೋದರತ್ತೆಯ ಪಾತ್ರಗಳನ್ನು ಮಾಡಿಕೊಂಡು ಬಂದವಳು.

ಪುರುಷರಿಗೆ ನಲವತ್ತು ದಾಟಿದ ಮೇಲೆ ತಂದೆಯ ಪಾತ್ರ ಬರುತ್ತದೆ. ನಮಗೆ ಮೂವತ್ತು ದಾಟುವ ಮೊದಲೇ ತಾಯಿಯ ಪಾತ್ರ ಬರುತ್ತದೆ. ನನಗಿಂತ ಕೆಲವೇ ವರ್ಷ ಚಿಕ್ಕವರಾದ ನಾಯಕನಿಗೆ ನಾನು ತಾಯಿಯಾಗಿದ್ದೇನೆ, ಕೂದಲಿಗೆ ಬಿಳಿ ಬಳಿದುಕೊಂಡು. ಇದು ಹೊಸದೇನೂ ಅಲ್ಲ. 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿದ್ದ ಪಂಢರಿಬಾಯಿ ಅವರು ಮುಂದೆ ಅದೇ ರಾಜ್‌ಕುಮಾರ್ ಅವರಿಗೆ ತಾಯಿಯಾಗಿ ನಟಿಸಿದರು. ನಾಯಕಿಯಾಗಿ ಮೆರೆದ ಲೀಲಾವತಿ ಅಮ್ಮನವರು ‘ನಾಗರಹಾವು’ ಚಿತ್ರದಲ್ಲಿ ಮೇಷ್ಟ್ರ ಹೆಂಡತಿ ತುಂಗಮ್ಮನಾದರು. ಆ ಪಾತ್ರಗಳನ್ನು ಅವರು ಕಡಿಮೆಯೆಂದು ಎಣಿಸಲಿಲ್ಲ ಎಂಬುದನ್ನು ಅವರ ಕೆಲಸವೇ ಹೇಳುತ್ತದೆ. ಅದನ್ನು ಗೌರವದಿಂದ ನೆನೆಯುತ್ತಲೇ, ನಾಯಕ ಅರವತ್ತರವರೆಗೆ ನಾಯಕನಾಗಿಯೇ ಉಳಿಯುವಾಗ ಅವರೊಂದಿಗೆ ಬಂದ ಕಲಾವಿದೆಯರು ಮಾತ್ರ ಏಕೆ ಬೇಗ ಮುದುಕಿಯರಾಗಬೇಕು ಎಂದು ಕೇಳುವುದೂ ನ್ಯಾಯವೆಂದು ನನಗೆ ತೋರುತ್ತದೆ.

ಒಂದೇ ಬಗೆಯ ಪಾತ್ರಕ್ಕೆ ಸಿಕ್ಕಿಕೊಳ್ಳುವ ಭಯದ ಬಗ್ಗೆ ಕೇಳಿದ್ದೀರಿ. ಉಮಾಶ್ರೀ ಅವರಿಗಿಂತ ಒಳ್ಳೆಯ ನಿದರ್ಶನ ನನಗೆ ಗೊತ್ತಿಲ್ಲ. ‘ಒಡಲಾಳ’ ನಾಟಕದ ಸಾಕವ್ವನಾಗಿ ರಂಗಭೂಮಿಯಲ್ಲಿ ಅವರು ಏನು ಮಾಡಬಲ್ಲರೆಂದು ನಾಡಿಗೆ ಗೊತ್ತಾಗಿತ್ತು, ಆದರೆ ಚಿತ್ರರಂಗ ವರ್ಷಗಟ್ಟಲೆ ಅವರಿಗೆ ಹಾಸ್ಯದ ಪಾತ್ರಗಳನ್ನೇ ಕೊಟ್ಟಿತು. ಅವರು ಆ ಪಾತ್ರಗಳನ್ನೂ ಶ್ರದ್ಧೆಯಿಂದಲೇ ಮಾಡಿದರು, ನಾಟಕವನ್ನೂ ಉಳಿಸಿಕೊಂಡರು. ಗಿರೀಶ್ ಕಾಸರವಳ್ಳಿ ಅವರ ‘ಗುಲಾಬಿ ಟಾಕೀಸ್’ 2008ರಲ್ಲಿ ಬಂದು, ಮೀನುಗಾರರ ನಡುವೆ ಬದುಕುವ ಸೂಲಗಿತ್ತಿ ಗುಲಾಬಿಯ ಪಾತ್ರಕ್ಕೆ ಅವರಿಗೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ದೊರೆತಾಗ, ನಮ್ಮಂಥವರಿಗೆ ನಮ್ಮ ಮನೆಗೇ ಬಂದಷ್ಟು ಸಂತೋಷವಾಗಿತ್ತು. 2021ರಿಂದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಮೆಸ್ ನಡೆಸುವ ತಾಯಿಯಾಗಿ ಕಥೆಯ ನಡುಮಧ್ಯದಲ್ಲಿ ನಿಂತರು. ತಾಯಿಯ ಪಾತ್ರ ಎಂದರೆ ಬಾಗಿಲ ಬಳಿ ನಿಂತು ಸೆರಗಿನಿಂದ ಕಣ್ಣೊರೆಸುವುದಷ್ಟೇ ಅಲ್ಲ ಎಂಬುದು ಅಲ್ಲಿ ಕಾಣಿಸಿತು.

ಖರ್ಚಿನ ಒಂದು ಮಾತನ್ನು ಸೇರಿಸುತ್ತೇನೆ. ನಮ್ಮ ಸೀರೆ, ಕುಪ್ಪಸ, ಸರ, ಬಳೆ ಬಹಳ ಸಲ ನಮ್ಮದೇ ಆಗಿರಬೇಕಾಗುತ್ತದೆ. ಶ್ರೀಮಂತರ ಮನೆಯ ಅತ್ತೆಯ ಪಾತ್ರ ಬಂದರೆ ಸಂಭಾವನೆಯ ಒಂದು ಪಾಲು ಚಿಕ್ಕಪೇಟೆಗೇ ಹೋಗುತ್ತದೆ. ನಿಮಗೆ ಪಂಚೆ, ಶರಟು, ಶಲ್ಯ ಸಾಕಾಗಬಹುದು, ಆದರೂ ಉಡುಪು ಯಾರದು ಎಂದು ಮೊದಲೇ ಕೇಳಿಕೊಳ್ಳಿ. ನಾನು ಕೆಲಸ ಮಾಡಿದ ಒಂದು ಧಾರಾವಾಹಿ ಇದ್ದಕ್ಕಿದ್ದಂತೆ ನಿಂತುಹೋಗಿ ಕೊನೆಯ ತಿಂಗಳುಗಳ ಹಣ ಬರಲೇ ಇಲ್ಲ. ಅಂಥ ಹೊತ್ತಿನಲ್ಲಿ ಒಬ್ಬೊಬ್ಬರೇ ಕೇಳಿದರೆ ಯಾರೂ ಫೋನ್ ಎತ್ತುವುದಿಲ್ಲ, ಆದ್ದರಿಂದ ಕಲಾವಿದರ ಸಂಘದ ಸದಸ್ಯತ್ವವನ್ನು ಮೊದಲ ಸಂಭಾವನೆಯಲ್ಲಿಯೇ ಮಾಡಿಸಿಕೊಳ್ಳಿ. 2024ರಲ್ಲಿ ಸಿನಿಮಾ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕ್ಷೇಮಾಭಿವೃದ್ಧಿಗಾಗಿ ರಾಜ್ಯದಲ್ಲಿ ಕಾಯ್ದೆಯೊಂದು ಬಂದಿದೆ. ಸಿನಿಮಾ ಟಿಕೆಟ್ ಮತ್ತು ಒಟಿಟಿ ಚಂದಾದ ಮೇಲೆ ಶೇ. 1ರಿಂದ 2ರವರೆಗೆ ಸೆಸ್ ಸಂಗ್ರಹಿಸಿ ಕಲಾವಿದರ ಮತ್ತು ಕಾರ್ಮಿಕರ ಸಾಮಾಜಿಕ ಭದ್ರತೆಗೆ ಬಳಸುವುದು ಅದರ ಉದ್ದೇಶ. ಪಿಂಚಣಿಯಿಲ್ಲದ, ದಿನದ ಲೆಕ್ಕದಲ್ಲಿ ದುಡಿಯುವ ನಮಗೆ ಇದು ಕೈಗೆ ಸಿಗುವಂತೆ ಜಾರಿಯಾಗಬೇಕೆಂದು ನಾವು ಗಟ್ಟಿಯಾಗಿ ಕೇಳಬೇಕು.


ಮರುಪ್ರಶ್ನೆ
ಬರೆದವರು: ಹವ್ಯಾಸಿ ನಟ, ಹನುಮಂತನಗರ

ಮೂವರಿಗೂ ಹೃತ್ಪೂರ್ವಕ ವಂದನೆಗಳು. ಅನುಮತಿಗಾಗಿ ಬ್ಯಾಂಕಿಗೆ ಪತ್ರ ಬರೆಯಲು ನಿರ್ಧರಿಸಿದ್ದೇನೆ, ಅದು ಸಿಕ್ಕರೆ ಮಾತ್ರ ಮುಂದುವರಿಯುತ್ತೇನೆ. ಹಿರಿಯರು ಹೇಳಿದಂತೆ ‘ನಾಗರಹಾವು’ ಚಿತ್ರವನ್ನು ಮನೆಯವರೊಂದಿಗೆ ಕುಳಿತು ಮೇಷ್ಟ್ರನ್ನೇ ನೋಡುತ್ತ ನೋಡಿದೆ. ಅವರು ಮಾತನಾಡದೆ ಕೇಳಿಸಿಕೊಳ್ಳುವ ಹೊತ್ತಿನಲ್ಲಿಯೇ ಹೆಚ್ಚು ಕಾಣಿಸಿದರು.

ಸಹ ನಿರ್ದೇಶಕರಲ್ಲಿ ಇನ್ನೊಂದು ಪ್ರಶ್ನೆ. ರಂಗದ ಮೇಲೆ ಕೊನೆಯ ಸಾಲಿನವರಿಗೂ ಮುಟ್ಟುವಂತೆ ನಟಿಸಿ ಅಭ್ಯಾಸವಾಗಿದೆ, ಇಡೀ ನಾಟಕವನ್ನು ಬಾಯಿಪಾಠ ಮಾಡಿಯೇ ಹೋಗುತ್ತೇವೆ. ಧಾರಾವಾಹಿಯಲ್ಲಿ ಪಕ್ಕದಿಂದ ಪ್ರಾಂಪ್ಟ್ ಮಾಡುತ್ತಾರೆಂದು ಕೇಳಿದ್ದೇನೆ. ನನ್ನಂಥವರು ಮೊದಲು ಏನನ್ನು ತಿದ್ದಿಕೊಳ್ಳಬೇಕು?


ಉತ್ತರ
ಬರೆದವರು: ಧಾರಾವಾಹಿ ಸಹ ನಿರ್ದೇಶಕ, ನಾಗರಬಾವಿ

ಸರ್, ನೀವು ಗಮನಿಸಿದ ಆ ಕೇಳಿಸಿಕೊಳ್ಳುವ ಕೆಲಸವೇ ಧಾರಾವಾಹಿಯಲ್ಲಿ ತಂದೆಯ ಪಾತ್ರದ ಮುಕ್ಕಾಲು ಪಾಲು. ಮಗಳು ಅಳುತ್ತಾಳೆ, ಭಾವಿ ಬೀಗರು ಚುಚ್ಚಿ ಮಾತನಾಡುತ್ತಾರೆ, ಕ್ಯಾಮೆರಾ ನಿಮ್ಮ ರಿಯಾಕ್ಷನ್‌ಗಾಗಿ ಕಾಯುತ್ತಿರುತ್ತದೆ. ಬಹಳ ಸಲ ಆ ಕ್ಲೋಸ್‌ಅಪ್ ತೆಗೆಯುವಾಗ ಎದುರಿನ ಕಲಾವಿದರು ಇರುವುದೇ ಇಲ್ಲ; ಅವರ ಭಾಗ ಮುಗಿದಿರುತ್ತದೆ, ಇಲ್ಲವೇ ಬೇರೆ ಸೆಟ್‌ಗೆ ಹೋಗಿರುತ್ತಾರೆ. ನನ್ನಂಥ ಸಹಾಯಕನೊಬ್ಬ ಕ್ಯಾಮೆರಾ ಪಕ್ಕದಲ್ಲಿ ನಿಂತು ಮಗಳ ಮಾತನ್ನು ಯಾವ ಭಾವವೂ ಇಲ್ಲದೆ ಓದುತ್ತಾನೆ. ಆ ಖಾಲಿ ಜಾಗದಲ್ಲಿ ಮಗಳನ್ನು ಕಾಣುವುದನ್ನು ರೂಢಿಸಿಕೊಳ್ಳಿ. ಇಡೀ ದೃಶ್ಯವನ್ನು ಎಲ್ಲರೊಂದಿಗೆ ಒಟ್ಟಿಗೆ ಹಿಡಿಯುವ ಮಾಸ್ಟರ್ ಶಾಟ್ ತೆಗೆಯುವಾಗಲೇ ಅವರ ಮುಖವನ್ನು ಚೆನ್ನಾಗಿ ನೋಡಿಟ್ಟುಕೊಂಡರೆ ಕ್ಲೋಸ್‌ಅಪ್‌ನಲ್ಲಿ ಸಹಾಯವಾಗುತ್ತದೆ.

ಪ್ರಾಂಪ್ಟಿಂಗ್ ಇರುತ್ತದೆ, ಆದರೆ ಅದಕ್ಕೆ ಒಗ್ಗಿಕೊಂಡರೆ ಕಣ್ಣು ಎದುರಿನವರ ಮೇಲೆ ನಿಲ್ಲದೆ ಕಿವಿಯ ಕಡೆಗೆ ಜಾರುತ್ತದೆ, ಅದು ಪರದೆಯಲ್ಲಿ ಕೂಡಲೇ ಕಾಣುತ್ತದೆ. ಸೀನ್ ಪೇಪರ್ ಹಿಂದಿನ ರಾತ್ರಿ ಬಂದರೆ ಅದೃಷ್ಟ. ಸೆಟ್‌ನಲ್ಲಿಯೇ ಕೈಗೆ ಬಂದರೂ ಮೇಕಪ್ ಹಾಕಿಸಿಕೊಳ್ಳುವಾಗ ಎರಡು ಸಲ ಓದಿಕೊಳ್ಳಿ. ಬಾಯಿಪಾಠದ ಅಭ್ಯಾಸ ಇರುವ ನಿಮಗೆ ಅದು ಸುಲಭ. ದನಿ ಎತ್ತರಿಸುವ ಅಗತ್ಯವಿಲ್ಲ, ಮೈಕ್ ಹತ್ತಿರದಲ್ಲಿಯೇ ಇರುತ್ತದೆ. ರಂಗದ ಮೇಲೆ ಕೈಗಳಿಗಿರುವ ಸ್ವಾತಂತ್ರ್ಯವನ್ನೂ ಸ್ವಲ್ಪ ಕಡಿಮೆ ಮಾಡಿಕೊಳ್ಳಿ. ಮಾಸ್ಟರ್‌ನಲ್ಲಿ ಯಾವ ಮಾತಿಗೆ ಕನ್ನಡಕ ತೆಗೆದಿರೋ ಕ್ಲೋಸ್‌ಅಪ್‌ನಲ್ಲಿಯೂ ಅದೇ ಮಾತಿಗೆ ತೆಗೆಯಬೇಕು, ಇಲ್ಲದಿದ್ದರೆ ಸಂಕಲನಕಾರರು ಆ ಶಾಟ್ ಅನ್ನು ಬಿಟ್ಟುಬಿಡುತ್ತಾರೆ.

ಬ್ಯಾಂಕಿನ ಅನುಮತಿ ಬಂದ ಮೇಲೆ ಪಾತ್ರದ ವೇಷ ಹಾಕಿಸಿ ನೋಡುವ ಲುಕ್ ಟೆಸ್ಟ್‌ಗೆ ಕರೆಯುತ್ತಾರೆ. ಮೀಸೆ ತೆಗೆಯುವುದಾಗಲಿ, ಕೂದಲಿಗೆ ಬಣ್ಣ ಹಾಕಿಸುವುದಾಗಲಿ ಅಲ್ಲಿಯವರೆಗೆ ಏನನ್ನೂ ಮಾಡಬೇಡಿ. ನಿಮ್ಮ ತಂಡದ ಮುಂದಿನ ಪ್ರದರ್ಶನದ ದಿನಾಂಕಗಳನ್ನು ಒಪ್ಪಂದಕ್ಕೆ ಸಹಿ ಹಾಕುವ ಮೊದಲೇ ಮ್ಯಾನೇಜರ್ ಕೈಗೆ ಕೊಟ್ಟು, ಆ ದಿನ ಕಾಲ್‌ಶೀಟ್ ಇರುವುದಿಲ್ಲವೆಂದು ಬರೆಸಿಕೊಳ್ಳಿ.